ಅರ್ಧ ಹಾಡಿನ ಉಸ್ತಾದ್

ನಿದ್ದೆ ಕೆಲವರಿಗೆ ಬರುತ್ತದೆ, ಕೆಲವರಿಗೆ ಬರುವುದಿಲ್ಲ. ಶೇಷಗಿರಿಯ ವಿಷಯದಲ್ಲಿ ಅದು ಬರಬೇಕಾಗಿಯೇ ಇರಲಿಲ್ಲ, ಸದಾ ಪಕ್ಕದಲ್ಲೇ ಕಾದು ಕೂತಿರುತ್ತಿತ್ತು. ಬಸ್ಸಿನಲ್ಲಿ ನಿಂತುಕೊಂಡು, ಕ್ಷೌರದಂಗಡಿಯಲ್ಲಿ ಗಲ್ಲಕ್ಕೆ ಸೋಪು ಹಚ್ಚಿಸಿಕೊಂಡು, ಸತ್ಯನಾರಾಯಣ ಕಥೆಯ ಮೂರನೇ ಅಧ್ಯಾಯದಲ್ಲಿ ಕೈಮುಗಿದುಕೊಂಡು ಅವನು ನಿದ್ದೆ ಮಾಡಿದ್ದುಂಟು. ಮದುವೆಯ ದಿನ ಸಪ್ತಪದಿಯ ನಾಲ್ಕನೇ ಹೆಜ್ಜೆಗೂ ಐದನೇ ಹೆಜ್ಜೆಗೂ ನಡುವೆ ಅವನಿಗೊಂದು ಜೊಂಪು ಹತ್ತಿತ್ತೆಂದು ಹೆಂಡತಿ ವೇದವತಿ ಹದಿನೆಂಟು ವರ್ಷದಿಂದ ಹೇಳುತ್ತ ಬಂದಿದ್ದಾಳೆ. ಶೇಷಗಿರಿ ಅದನ್ನು ಅಲ್ಲಗಳೆದಿಲ್ಲ. ಪಾಪ, ಅವನಿಗೆ ನೆನಪೇ ಇಲ್ಲ.

ಇಂಥವನನ್ನು ಬ್ಯಾಂಕಿನವರು ಕಲಬುರ್ಗಿಯಿಂದ ಎತ್ತಿ ವಿಜಯವಾಡದ ಗವರ್ನರ್‌ಪೇಟೆಯ ಶಾಖೆಗೆ ಹಾಕಿದ್ದರು. ಎರಡು ಸಾವಿರದ ಆರನೇ ಇಸವಿಗೆ ಅವನು ಅಲ್ಲಿಗೆ ಬಂದು ಮೂರು ವರ್ಷ. ಮಗಳು ಶ್ರಾವ್ಯಾ ತೆಲುಗಿನಲ್ಲಿ ಕನಸು ಕಾಣುವಷ್ಟು ಪಳಗಿದ್ದಳು, ವೇದವತಿ ತರಕಾರಿಯವಳ ಜೊತೆ ತೆಲುಗಿನಲ್ಲೇ ಜಗಳವಾಡಿ ಗೆದ್ದು ಬರುತ್ತಿದ್ದಳು. ಶೇಷಗಿರಿಗೆ ಮಾತ್ರ ಆ ಭಾಷೆ ಒಲಿಯಲಿಲ್ಲ. ಅವನು ಬಾಯಿ ತೆರೆದರೆ ಕ್ಯಾಶಿಯರ್ ಕನಕದುರ್ಗ ಕರವಸ್ತ್ರ ಬಾಯಿಗೆ ಒತ್ತಿಕೊಳ್ಳುತ್ತಿದ್ದಳು. ಈ ಊರಲ್ಲಿ ತನಗೂ ಏನೋ ಒಂದು ಬರುತ್ತದೆ ಎಂದು ಜನಕ್ಕೆ ತೋರಿಸಬೇಕೆಂಬ ಆಸೆ ಅವನ ಮನಸ್ಸಿನ ಮೂಲೆಯಲ್ಲಿ ಬಹಳ ದಿನದಿಂದ ಇತ್ತು. ಕತೆ ಹುಟ್ಟಿದ್ದು ಆ ಮೂಲೆಯಲ್ಲೇ.

ನವೆಂಬರ್ ತಿಂಗಳು. ಪಿಂಚಣಿದಾರರು ತಾವು ಬದುಕಿದ್ದೇವೆಂದು ಬ್ಯಾಂಕಿಗೆ ಬಂದು ಸಾಬೀತು ಮಾಡುವ ಕಾಲ. ಮಸ್ತಾನ್ ವಲಿ ಎಂಬ ಹಿರಿಯರು ರೈಲ್ವೆಯಿಂದ ನಿವೃತ್ತರಾಗಿ ವಿಶಾಖಪಟ್ಟಣದಲ್ಲಿ ಮಗನ ಮನೆಯಲ್ಲಿದ್ದರು. ಖಾತೆ ಇಲ್ಲೇ ಇದ್ದುದರಿಂದ ವರ್ಷಕ್ಕೊಮ್ಮೆ ಬದುಕಿರಲು ವಿಜಯವಾಡಕ್ಕೆ ಬರುತ್ತಿದ್ದರು. ಸರದಿಯಲ್ಲಿ ನಿಂತು ನಿಂತು ಬೇಸತ್ತು ಅವರು ತಮ್ಮಷ್ಟಕ್ಕೇ ಗೊಣಗಿದರು: "ಕ್ಯಾ ಕೀ ಬಾಬಾ, ಜೀನೇಕು ಭೀ ಕಾಗದಾಂ ಹೋನಾ ಕತೇ." ಬದುಕೋಕೂ ಕಾಗದ ಬೇಕಂತೆ ಎಂದು ಅದರ ಅರ್ಥ.

ಆ ಮಾತು ಕಿವಿಗೆ ಬಿದ್ದದ್ದೇ ತಡ, ಅರೆನಿದ್ದೆಯಲ್ಲಿದ್ದ ಶೇಷಗಿರಿಯ ಬಾಯಿಂದ ತಾನಾಗಿ ಉತ್ತರ ಬಂತು: "ಕೈಕು ಫಿಕರ್ ಕರ್ತೇ ಚಚಾ? ಬೈಠೋ, ಹೋಜಾತಾ." ಚಿಂತೆ ಯಾಕೆ, ಕೂತುಕೊಳ್ಳಿ, ಆಗಿಬಿಡುತ್ತದೆ ಎಂದು.

ಮಸ್ತಾನ್ ವಲಿ ಬೆಚ್ಚಿ ನೋಡಿದರು. ಹಣೆಯಲ್ಲಿ ಗಂಧ, ಅಕ್ಷತೆ. ಬಾಯಲ್ಲಿ ಅಪ್ಪಟ ಕಲಬುರ್ಗಿಯ ದಖ್ಖನಿ ಉರ್ದು! ಮುಂದಿನ ಮಾತೆಲ್ಲ ದಖ್ಖನಿಯಲ್ಲೇ ನಡೆಯಿತು. ಓದುವವರಿಗೆ ತೊಂದರೆ ಬೇಡವೆಂದು ಕನ್ನಡದಲ್ಲಿ ಹೇಳುತ್ತೇನೆ.

"ಎಲ್ಲಿ ಕಲಿತಿರಿ ಬೇಟಾ ಈ ಮಾತು?"

"ಕಲಿಯೋದೇನು ಚಚಾ, ಪಕ್ಕದ ಮನೆ ಖಾಜಾಬಿ ಖಾಲಾ ಕಾಲ ಮೇಲೆ ಬೆಳೆದವ ನಾನು. ಅವಳು ಜೋಳ ಬೀಸ್ತಾ ಹಾಡ್ತಿದ್ದಳು."

ಮಸ್ತಾನ್ ವಲಿ ಮುಂದಕ್ಕೆ ಬಾಗಿದರು. "ಯಾವ ಹಾಡು?"

ಶೇಷಗಿರಿ ಮೆಲ್ಲಗೆ ಗುನುಗಿದ: "ಫಿರ್ ಗೇ ಚಕ್ಕೀ ಹಲ್ಲೂ ಹಲ್ಲೂ..." ತಿರುಗೇ ಬೀಸುಕಲ್ಲೇ, ಮೆಲ್ಲಗೆ ಮೆಲ್ಲಗೆ.

ಮುದುಕರ ಕಣ್ಣಲ್ಲಿ ನೀರಾಡಿತು. ಅವರು ಕೌಂಟರಿನ ಮೇಲೆ ಎರಡೂ ಕೈ ಊರಿ ಹೇಳಿದರು: ವಿಶಾಖಪಟ್ಟಣದಲ್ಲಿ ತಾವು ಹತ್ತಾರು ಜನ ಸೇರಿ ದಖ್ಖನಿ ಕಲಾ ಕಮಿಟಿ ಮಾಡಿಕೊಂಡಿದ್ದೇವೆ. ಹುಡುಗರು ಮನೆಮಾತಿಗೆ ನಗುತ್ತಾರೆ, ಹೊರಗೆ ತೆಲುಗು, ಪುಸ್ತಕದಲ್ಲಿ ಬೇರೆ ಉರ್ದು. ಗಿರಣಿ ಬಂದು ಬೀಸುಕಲ್ಲು ಹೋಯಿತು, ಕಲ್ಲಿನ ಹಿಂದೆಯೇ ಹಾಡೂ ಹೋಯಿತು. ನಮ್ಮ ಅಮ್ಮಿ ಹಾಡುತ್ತಿದ್ದ ಈ ಹಾಡನ್ನು ಐದು ವರ್ಷದಿಂದ ಊರೂರು ಹುಡುಕುತ್ತಿದ್ದೇನೆ, ಎಲ್ಲರಿಗೂ ಅರ್ಧವೇ ಬರುತ್ತದೆ.

"ಸಾಯೋದ್ರೊಳಗೆ ಒಮ್ಮೆ ಪೂರ್ತಿ ಕೇಳ್ಬೇಕು ಬೇಟಾ. ನಿಮಗೆ ಪೂರ್ತಿ ಬರುತ್ತಾ?"

ಆ ಹೊತ್ತಿಗೆ ಮ್ಯಾನೇಜರ್ ಚಂದ್ರಮೌಳಿ ಕೋಣೆಯಿಂದ ಹೊರಬಂದು ನಿಂತಿದ್ದರು. ಸರದಿ ಚದುರಿ ಕೌಂಟರಿನ ಸುತ್ತ ಗುಂಪಾಗಿತ್ತು. ಕನಕದುರ್ಗ ಕರವಸ್ತ್ರ ಕೆಳಗಿಟ್ಟು ಮೊದಲ ಸಲ ಅವನನ್ನು ಗೌರವದಿಂದ ನೋಡುತ್ತಿದ್ದಳು. ಶೇಷಗಿರಿ ಒಂದೇ ಒಂದು ಮಾತು ಹೇಳಿದ.

"ಪೂರ್ತಿ."

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನಿಜ ಏನೆಂದರೆ, ಶೇಷಗಿರಿಗೂ ಆ ಹಾಡು ಅರ್ಧವೇ ಬರುತ್ತಿತ್ತು. ಚಿಕ್ಕಂದಿನಲ್ಲಿ ಮಧ್ಯಾಹ್ನವಾದರೆ ಅವನ ತಾಯಿ ಅವನನ್ನು ಖಾಲಾ ಮನೆಗೆ ಅಟ್ಟುತ್ತಿದ್ದಳು. ಖಾಲಾ ಒಂದು ಕಾಲು ಚಾಚಿ ಕೂತು ಬೀಸುವಳು, ಇವನ ತಲೆ ಆ ಕಾಲ ಮೇಲೆ. ಮೊದಲ ಚರಣದಲ್ಲಿ ಕಲ್ಲು ತಿರುಗುವುದು. ಎರಡನೇ ಚರಣದಲ್ಲಿ ಗುಬ್ಬಿ ಮಲಗುವುದು, ಮೇಕೆ ಮಲಗುವುದು. ಮೂರನೆಯದರಲ್ಲಿ ರಾಜ ಮಲಗುವನು, ಅವನ ಫೌಜು, ಎಂದರೆ ದಂಡೆಲ್ಲ ಮಲಗುವುದು, "ಮೇರೇ ಬೇಟೇಕು ನಿಂದಾಂ ನಕ್ಕೋ ಕತೇ", ನನ್ನ ಮಗನಿಗೆ ಮಾತ್ರ ನಿದ್ದೆ ಬೇಡವಂತೆ! ಫೌಜು ಮಲಗುವ ಹೊತ್ತಿಗೆ ಶೇಷಗಿರಿಯೂ ಮಲಗಿಬಿಡುತ್ತಿದ್ದ. ಎದ್ದಾಗ ಕೂದಲ ತುಂಬ ಹಿಟ್ಟು, ಹಣೆಯೆಲ್ಲ ಒದ್ದೆ. "ಬೆವರೋ ಅದು, ಬೀಸಿದರೆ ಬೆವರು ಬರಲ್ವಾ?" ಎಂದು ಖಾಲಾ ಸೆರಗಿನಿಂದ ಒರೆಸಿ ಕಳಿಸುತ್ತಿದ್ದಳು. ಫೌಜಿನಾಚೆ ಹಾಡು ಎತ್ತ ಹೋಯಿತೋ ಅವನಿಗೆ ಗೊತ್ತಾಗಲೇ ಇಲ್ಲ.

ಹದಿನೈದು ದಿನದಲ್ಲಿ ಪತ್ರ ಬಂತು. ಫೆಬ್ರವರಿಯ ಒಂದು ಭಾನುವಾರ ವಿಶಾಖಪಟ್ಟಣದಲ್ಲಿ ದಖ್ಖನಿ ಕಲಾ ಮೇಳ, ಮುಖ್ಯ ಗಾಯಕರು "ಉಸ್ತಾದ್ ಶೇಷಗಿರಿ ಗುಲ್ಬರ್ಗವೀ ಸಾಹೇಬ್". ಚಂದ್ರಮೌಳಿ ಅದನ್ನು ನೋಟಿಸ್ ಬೋರ್ಡಿಗೆ ಹಾಕಿಸಿದರು. ಸೂರ್ಯಪ್ರಕಾಶ ಎಂಬ ವರದಿಗಾರ ಬ್ಯಾಂಕಿಗೆ ಬಂದಾಗ, "ನಾನೂರು ವರ್ಷದ ಹಾಡಂಡೀ, ಇಡೀ ದೇಶದಲ್ಲಿ ಇವರೊಬ್ಬರಿಗೇ ಬರೋದು!" ಎಂದರು. ಪತ್ರಿಕೆಯಲ್ಲಿ ಅಚ್ಚಾಗುವಾಗ ಅದು ಆರುನೂರು ವರ್ಷವಾಗಿತ್ತು. ಕಾಲ ಬೇಗ ಓಡುತ್ತದೆ.

"ಅಲ್ರೀ, ಅರ್ಧ ಹಾಡು ಇಟ್ಕೊಂಡು ಉಸ್ತಾದ್ ಹೆಂಗಾದ್ರಿ?" ಎಂದು ಕೇಳಿದಳು ವೇದವತಿ.

"ಏನ್ ಮಾಡ್ಲಿ ವೇದಾ, ಬಾಯಿಂದ ಬಂದುಬಿಡ್ತು. ಆ ಮುದುಕರ ಮಾರಿ ನೋಡಿದ್ರ ಇಲ್ಲ ಅನ್ಲಿಕ್ಕೆ ಮನಸಾಗ್ಲಿಲ್ಲ."

"ಹಂಗಾರ ಉಳಿದದ್ದು ಹುಡುಕ್ರಿ. ಹಾಡಂತೂ ಹಾಡ್ಲೇಬೇಕಲ್ಲ."

ಶೇಷಗಿರಿ ಕಲಬುರ್ಗಿಗೆ ಫೋನು ಮಾಡಿದ. ಖಾಜಾಬಿ ಖಾಲಾ ತೀರಿಕೊಂಡು ಎಂಟು ವರ್ಷವಾಗಿತ್ತು. ಮಗ ಮೆಹಬೂಬ ಅಲ್ಲಿಯ ಸೂಪರ್ ಮಾರ್ಕೆಟ್ ಪೇಟೆಯಲ್ಲಿ ಮಿಕ್ಸಿ ರಿಪೇರಿ ಅಂಗಡಿ ಇಟ್ಟಿದ್ದ. "ಅಮ್ಮಿ ಹಾಡೇನೋ ಶೇಷಾ? ಫೌಜು ಮಲಗೋ ತನಕ ನೆನಪದ ನೋಡು. ಆಮ್ಯಾಲ ನಾನೂ ಮಲಗ್ತಿದ್ದೆ," ಎಂದ. ಹಿಂದೆ ಯಾವುದೋ ಮಿಕ್ಸಿ ಗರ್ರೆಂದಿತು.

ಇನ್ನು ಸ್ವಂತವಾಗಿ ಕಟ್ಟುವುದೇ ಗತಿ ಎಂದು ಅವನು ಪೆನ್ನು ಹಿಡಿದ. ಮೂರು ಭಾನುವಾರ ಕೂತು ನಾಲ್ಕು ಸಾಲು ಬರೆದ. ವೇದವತಿ ಓದಿ, "ಇದು ಹಾಡೋ, ಹೆಡ್ಡಾಫೀಸಿನ ಸರ್ಕ್ಯುಲರೋ?" ಎಂದಳು. 'ಮೇಲ್ಕಂಡ ಬೀಸುಕಲ್ಲು' ಎಂಬ ಪ್ರಯೋಗ ಅವಳಿಗೆ ಹಿಡಿಸಲಿಲ್ಲ.

ಬಂದಷ್ಟನ್ನಾದರೂ ಅಭ್ಯಾಸ ಮಾಡೋಣವೆಂದರೆ ಅಲ್ಲಿ ಇನ್ನೊಂದು ಪೀಡೆ. ಹಾಡುತ್ತ ಫೌಜಿನ ಹತ್ತಿರ ಬಂದೊಡನೆ ಅವನ ಕಣ್ಣುಗಳು ತಾವಾಗಿ ಮುಚ್ಚಿಕೊಳ್ಳುತ್ತಿದ್ದವು. ವೇದವತಿ ಬಾಯಿಗೆ ಗೋಂಗೂರ ಉಪ್ಪಿನಕಾಯಿ ಇಟ್ಟಳು, ಚೀಪುತ್ತ ಮಲಗಿದ. ಒಂಟಿ ಕಾಲ ಮೇಲೆ ನಿಲ್ಲಿಸಿದಳು. ಕೊಕ್ಕರೆ ಹಾಗೆ ನಿಂತೇ ಮಲಗಿದ. ಕೆಳಗಿನ ಮನೆಯೊಡತಿ ಕೋಟೇಶ್ವರಮ್ಮ ಮಾತ್ರ ಈ ಅಭ್ಯಾಸದ ಮಹತ್ವವನ್ನು ಥಟ್ಟನೆ ಕಂಡುಕೊಂಡಳು. ಮೂರು ದಿನದಿಂದ ಕಣ್ಣು ಮುಚ್ಚದೆ ಕಿರುಚುತ್ತಿದ್ದ ಅವಳ ಮೊಮ್ಮಗಳು ಇವನ ಎರಡನೇ ಚರಣಕ್ಕೇ ಗಪ್‌ಚಿಪ್ಪಾದಳು.

ಮರುದಿನ ಸಂಜೆ ಆಫೀಸಿನಿಂದ ಬಂದರೆ ಮೆಟ್ಟಿಲ ಮೇಲೆ ಆರು ಜನ ತಾಯಂದಿರು, ಕಂಕುಳಲ್ಲಿ ಏಳು ಕೂಸುಗಳು.

"ಏಮಯ್ಯಾ ಶೇಷಗಿರೀ," ಎಂದಳು ಕೋಟೇಶ್ವರಮ್ಮ, "ಟೋಕನ್ ನಾನೇ ಕೊಟ್ಟಿದ್ದೀನಿ. ಗಲಾಟೆ ಇಲ್ಲದೆ ಒಬ್ಬೊಬ್ಬರನ್ನೇ ಮಲಗಿಸು. ಅವಳಿ ಮಕ್ಕಳಿದ್ದಾವೆ, ಅವರಿಗೆ ಸ್ವಲ್ಪ ಜೋರಾಗಿ ಹಾಡು."

ಹೀಗೆ ಉಸ್ತಾದರ ಕೀರ್ತಿ ಬೀದಿಯ ಕೊನೆಯವರೆಗೂ ಹಬ್ಬಿತು. ಹಾಡಿನ ಉತ್ತರಾರ್ಧ ಮಾತ್ರ ಎಲ್ಲೂ ಸಿಗಲಿಲ್ಲ. ಶೇಷಗಿರಿಗೆ ಊಟ ಸೇರದಾಯಿತು. ಮಾನ ಹೋಗುವ ಭಯ ಒಂದು ಪಾಲಾದರೆ, "ಸಾಯೋದ್ರೊಳಗೆ ಒಮ್ಮೆ" ಎಂದ ಮುದುಕರ ಮುಖ ಮೂರು ಪಾಲು. ಕೊನೆಗೆ ಅವನೊಂದು ನಿರ್ಧಾರಕ್ಕೆ ಬಂದ: ಹೋಗುವುದು, ನಿಜ ಹೇಳುವುದು, ಕಾಲು ಹಿಡಿಯುವುದು.

ಶನಿವಾರ ರತ್ನಾಚಲ್ ಎಕ್ಸ್‌ಪ್ರೆಸ್ಸಿನಲ್ಲಿ ಮೂವರೂ ಹೊರಟರು. ಗೋದಾವರಿ ಸೇತುವೆ ಬಂದಾಗ ಶೇಷಗಿರಿ ನಿದ್ದೆಯಲ್ಲಿದ್ದ. ಅನಕಾಪಲ್ಲಿ ಬಂದಾಗಲೂ ನಿದ್ದೆಯಲ್ಲಿದ್ದ. ಕನಸಿನಲ್ಲಿ ಸಮುದ್ರವೇ ದೊಡ್ಡ ಬೀಸುಕಲ್ಲಾಗಿ ಮೆಲ್ಲಗೆ ತಿರುಗುತ್ತಿತ್ತು, ಅಂಚಿನಿಂದ ಬಿಳಿ ನೊರೆ ಹಿಟ್ಟಿನಂತೆ ಉದುರುತ್ತಿತ್ತು. ಅದರಾಚೆ ದಡದಲ್ಲಿ ಖಾಲಾ ಕೂತು ಏನೋ ಹಾಡುತ್ತಿದ್ದಳು, ಕೇಳಿಸುತ್ತಿರಲಿಲ್ಲ. ಇವನು ಇನ್ನೇನು ಹತ್ತಿರ ಹೋಗಬೇಕು, ಅಷ್ಟರಲ್ಲಿ ಶ್ರಾವ್ಯಾ ಅಪ್ಪನನ್ನು ಅಲುಗಿಸಿದಳು. "ನಾನ್ನಾ, ಏಳಿ, ವೈಜಾಗ್ ಬಂತು. ನಿಮ್ಮ ಬ್ಯಾನರ್ ನೋಡಿ!"

ಕಿಟಕಿಯಾಚೆ, ನಿಲ್ದಾಣದ ಹೊರಗೆ ನಿಜಕ್ಕೂ ಬ್ಯಾನರ್ ಇತ್ತು. ಪೇಂಟರು ಅವನ ಪಾಸ್‌ಪೋರ್ಟ್ ಸೈಜಿನ ಫೋಟೋ ನೋಡಿ ಬರೆದಿದ್ದ. ಉಸ್ತಾದರಿಗೆ ಶೋಭಿಸಲೆಂದು ಒಂದು ಟೋಪಿ, ಒಂದಿಷ್ಟು ಗಡ್ಡ ತಾನೇ ಸೇರಿಸಿ, ಹಣೆಯ ಗಂಧವನ್ನೂ ಹಾಗೇ ಉಳಿಸಿದ್ದ.

ಮಸ್ತಾನ್ ವಲಿಯವರ ಮನೆಯಲ್ಲಿ ಕಮಿಟಿಯವರ ಜೊತೆ ಚಹಾ, ಉಸ್ಮಾನಿಯಾ ಬಿಸ್ಕತ್ತು. ಅವರ ಹೆಂಡತಿ ಮೀರಾಬಿ ಚಹಾ ಇಟ್ಟು ಪರದೆಯ ಹಿಂದೆ ಹೋದರು. ಶೇಷಗಿರಿ ಎದ್ದು ನಿಂತು ಕೈಮುಗಿದ. "ಚಚಾ, ನನಗೆ ಏನೂ ಬರೋದಿಲ್ಲ."

ಮಸ್ತಾನ್ ವಲಿ ಕಮಿಟಿಯವರ ಕಡೆ ತಿರುಗಿದರು. "ಕೇಳಿದ್ರಾ? ನಿಜವಾದ ಉಸ್ತಾದರ ಮೊದಲ ಮಾತೇ ಇದು."

"ಇಲ್ಲ ಚಚಾ, ನಿಜವಾಗ್ಲೂ ಅರ್ಧವೇ ಬರೋದು."

"ಎಂಥ ವಿನಯ! ವಿದ್ಯೆ ಸಮುದ್ರ, ತಿಳಿದವರಿಗೆ ತಮ್ಮದು ಅರ್ಧ ಅಂತಲೇ ಕಾಣೋದು."

"ಅಲ್ಲಾಣೆ ಚಚಾ, ವೆಂಕಟರಮಣನಾಣೆ!"

ಕಮಿಟಿಯವರೆಲ್ಲ ಎದ್ದು ಅವನಿಗೆ ಹಾರ ಹಾಕಿದರು. ಪರದೆಯ ಹಿಂದಿನಿಂದ ಕಿಸಕ್ಕನೆ ನಗು ಕೇಳಿತು. ಮಸ್ತಾನ್ ವಲಿ ಅತ್ತ ಗದರಿದರು: "ಹೆಂಗಸರಿಗೆ ಇದೆಲ್ಲ ಏನು ಗೊತ್ತಾಗುತ್ತೆ!"

ಭಾನುವಾರದ ಸಭೆ ಕಡಲದಂಡೆಯ ಹತ್ತಿರದ ಒಂದು ಹಾಲಿನಲ್ಲಿ. ಮಧ್ಯಾಹ್ನ ಬಿರಿಯಾನಿಯ ಊಟ, ಶೇಷಗಿರಿಯ ಸಂಸಾರಕ್ಕೆ ಬೇರೆಯಾಗಿ ಪುಳಿಯೋಗರೆ. ಊಟದ ಮೇಲೆ ಭಾಷಣ. ಗಂಡಸರು ಒಂದು ಕಡೆ, ಹೆಂಗಸರು ಇನ್ನೊಂದು ಕಡೆ, ಕಿಟಕಿಯಿಂದ ಕಡಲ ಗಾಳಿ. ವೇದಿಕೆಯ ಮೇಲೆ ಹಾಸಿಗೆ, ಲೋಡು, ಅಲಂಕಾರಕ್ಕೆಂದು ಚೆಂಡುಹೂ ಸುತ್ತಿದ ಒಂದು ಹಳೆಯ ಬೀಸುಕಲ್ಲು. ವರದಿಗಾರ ಸೂರ್ಯಪ್ರಕಾಶನೂ ವಿಜಯವಾಡದಿಂದ ಬಂದು ಪುಸ್ತಕ ತೆರೆದು ಕೂತಿದ್ದ. ಭಾಷೆಯನ್ನು ಉಳಿಸಬೇಕೆಂದು ಏಳು ಜನ ಮಾತಾಡಿದರು. ಮೂವರು ತೆಲುಗಿನಲ್ಲಿ, ನಾಲ್ವರು ಇಂಗ್ಲಿಷಿನಲ್ಲಿ.

ಆಮೇಲೆ ಶೇಷಗಿರಿ ಹಾಡಿದ.

ಏನೇ ಹೇಳಿ, ಆ ಅರ್ಧವನ್ನು ಅವನು ಚೆನ್ನಾಗಿಯೇ ಹಾಡಿದ. ಕಲ್ಲು ತಿರುಗಿತು, ಗುಬ್ಬಿ ಮಲಗಿತು. ಗಂಡಸರ ಕಡೆಯಿಂದ ಒಬ್ಬೊಬ್ಬರಾಗಿ ದನಿಗೂಡಿಸಿದರು. ಬಂದರಿನಲ್ಲಿ ಕ್ರೇನು ನಡೆಸಿದವರು, ಉಕ್ಕಿನ ಕಾರ್ಖಾನೆಯ ಫಿಟ್ಟರುಗಳು, ಬಿಳಿ ಗಡ್ಡದವರು, ಎಲ್ಲರೂ ಹುಡುಗರ ಹಾಗೆ ತಲೆಯಾಡಿಸುತ್ತ ಹಾಡಿದರು. ರಾಜ ಮಲಗಿದ. ಫೌಜು ಮಲಗಿತು. ತೊಡೆ ಚಿವುಟಿಕೊಂಡು ಶೇಷಗಿರಿ ಎಚ್ಚರವಿದ್ದ.

ಅಲ್ಲಿಗೆ ಎಲ್ಲ ನಿಂತಿತು. ಇನ್ನೂರು ಗಂಡಸರು ಒಟ್ಟಿಗೆ ಬಾಯಿ ಮುಚ್ಚಿ ಅವನ ಬಾಯಿಯನ್ನೇ ನೋಡಿದರು.

"ಮುಂದೆ ಬರೋದಿಲ್ಲ," ಎಂದ ಶೇಷಗಿರಿ. "ಇಲ್ಲಿಗೆ ನನಗೆ ನಿದ್ದೆ ಬಂದುಬಿಡ್ತಿತ್ತು. ಚಚಾ, ನಾನು ಸುಳ್ಳು ಹೇಳಿದೆ. ತಪ್ಪಾಯ್ತು."

ಬೈಗುಳ ಬೀಳುತ್ತದೆಂದು ಅವನು ತಲೆ ತಗ್ಗಿಸಿದ. ಮುಂದಿನ ಸಾಲಿನ ಬಿಳಿ ಗಡ್ಡವೊಂದು ಹೇಳಿತು: "ನನಗೂ ಅಲ್ಲೇ ನಿದ್ದೆ ಬರ್ತಿತ್ತು." "ನನಗೂ," ಎಂದಿತು ಇನ್ನೊಂದು. ನನಗೂ, ನನಗೂ ಎಂದು ಹಾಲಿನ ಕೊನೆಯವರೆಗೆ ಹೋಯಿತು. ಮಸ್ತಾನ್ ವಲಿ ವೇದಿಕೆಯ ಅಂಚಿನಲ್ಲಿ ಕುಸಿದು ಕೂತರು. "ನನಗೂ ಕಣಪ್ಪಾ. ಅಂದ್ರೆ ಹಾಡು ಹೋಯ್ತು. ಕೇಳಿದವರು ಯಾರೂ ಉಳಿದಿಲ್ಲ."

ಆಗ ಹೆಂಗಸರ ಕಡೆ ನಗು ಎದ್ದಿತು. ಒಬ್ಬಿಬ್ಬರದಲ್ಲ. ಹೊಟ್ಟೆ ಹಿಡಿದುಕೊಂಡು, ಪಕ್ಕದವರ ಭುಜಕ್ಕೆ ತಲೆಯಿಟ್ಟು ನಕ್ಕರು. ನಗುವಿನ ನಡುವಿನಿಂದ ಮೀರಾಬಿ ಎದ್ದು ಬಂದು ಗಂಡನ ಮುಂದೆ ನಿಂತರು.

"ಐದು ವರ್ಷ ಹೈದರಾಬಾದು, ಕರ್ನೂಲು ಅಂತ ಸುತ್ತಿದಿರಿ. ಮನೆಯಲ್ಲಿ ಒಮ್ಮೆಯಾದರೂ ಕೇಳಿದ್ರಾ?"

"ನಿನಗೆ... ನಿನಗೆ ಬರುತ್ತಾ?"

"ನಿಮ್ಮ ಅಮ್ಮಿಯೇ ಕಲಿಸಿದ್ದು. ಅತ್ತೆಯನ್ನು ಬೈಯೋ ಸಾಲನ್ನೂ ಸೇರಿಸಿ."

ಕಂಕುಳಲ್ಲಿ ಕೂಸಿಟ್ಟುಕೊಂಡು ಊರೆಲ್ಲ ಹುಡುಕಿದರಂತೆ ಎಂಬ ಗಾದೆ ಶೇಷಗಿರಿಯ ನಾಲಿಗೆಗೆ ಬಂದಿತ್ತು, ನುಂಗಿಕೊಂಡ. ಮಸ್ತಾನ್ ವಲಿ ಎದ್ದು, ಹಾಡು ಹಿಡಿದಿಡಲೆಂದು ವೇದಿಕೆಯ ಮೇಲಿಟ್ಟಿದ್ದ ಟೇಪ್ ರೆಕಾರ್ಡರಿಗೆ ಕೈ ಹಾಕಿದರು. "ಹಾಡು ಮೀರಾ, ಈಗಲೇ ಹಾಡು!"

"ಎಚ್ಚರ ಇರೋ ಗಂಡಸರ ಮುಂದೆ ಆ ಉಳಿದರ್ಧ ಹಾಡೋ ಪದ್ಧತಿಯಿಲ್ಲ. ಕಾಲ ಮೇಲೆ ಮಲಗಿದ ಮಗುವಿಗೆ ನಿದ್ದೆ ಹತ್ತಬೇಕು, ಆಮೇಲೆ ಅದು. ಮತ್ತೆ ಈ ಮಷೀನು? ಇದು ಮಲಗುತ್ತಾ? ಮಲಗಲ್ಲ. ತೆಗೆದಿಡಿ."

ಅವರು ಬೀಸುಕಲ್ಲಿನ ಹೂ ಕಿತ್ತು ಪಕ್ಕಕ್ಕಿಟ್ಟರು. ಅಡುಗೆಯವರ ಹತ್ತಿರದಿಂದ ಒಂದು ಸೇರು ಅಕ್ಕಿ ತರಿಸಿದರು. ಒಂದು ಕಾಲು ಚಾಚಿ ಕೂತರು. ಕಲ್ಲು ಗರಗರ ತಿರುಗಿತು, ಹಾಡು ಮೊದಲಿನಿಂದ ಶುರುವಾಯಿತು. ಶೇಷಗಿರಿ ಎರಡು ಮಾರು ದೂರದಲ್ಲಿ ಲೋಡಿಗೆ ಒರಗಿ, ಈ ಸಲ ಪ್ರಾಣ ಹೋದರೂ ಮಲಗೋದಿಲ್ಲ ಎಂದು ಹಲ್ಲು ಕಚ್ಚಿ ಕೂತ. ಗುಬ್ಬಿ ಮಲಗಿತು. ಮೇಕೆ ಮಲಗಿತು. ಗಾಳಿಯಲ್ಲಿ ಹಿಟ್ಟಿನ ವಾಸನೆ ಬಂತು. ನಲವತ್ತು ವರ್ಷದ ಹಿಂದಿನ ಮಧ್ಯಾಹ್ನ ಅದರ ಜೊತೆಗೇ ಬಂತು. ಸಮುದ್ರ ಮೆಲ್ಲಗೆ ತಿರುಗುತ್ತಿತ್ತು, ದಡದಲ್ಲಿ ಖಾಲಾ ಕಾಲು ಚಾಚಿ ಕೂತು ಬಾರೋ ಎಂದು ಕೈ ಮಾಡಿದಳು.

ಎಚ್ಚರವಾದಾಗ ಸಂಜೆಯ ಬಿಸಿಲು ವೇದಿಕೆಯ ಮೇಲಿತ್ತು. ಹೆಂಗಸರು ಕಣ್ಣೊರೆಸಿಕೊಳ್ಳುತ್ತಿದ್ದರು, ನಗುತ್ತಲೂ ಇದ್ದರು. ಅವನ ಸುತ್ತ ಇನ್ನೂರು ಗಂಡಸರು ಆಕಳಿಸುತ್ತ ಏಳುತ್ತಿದ್ದರು. ಮಸ್ತಾನ್ ವಲಿಯವರ ಟೋಪಿ ಒಂದು ಕಡೆ, ತಲೆ ಒಂದು ಕಡೆ. ಸೂರ್ಯಪ್ರಕಾಶ ಪುಸ್ತಕದ ಮೇಲೆ ಕೆನ್ನೆಯಿಟ್ಟು ಇನ್ನೂ ಗೊರಕೆ ಹೊಡೆಯುತ್ತಿದ್ದ. ಮರುದಿನ ಅವನು, 'ಸಭಿಕರು ಆದ್ಯಂತ ತಲೆದೂಗಿದರು' ಎಂದು ವರದಿ ಬರೆದ. ಅದರಲ್ಲಿ ಸುಳ್ಳೇನೂ ಇರಲಿಲ್ಲ.

"ಮೊದಲು ಮಲಗಿದವರು ನೀವೇ ಉಸ್ತಾದ್," ಎಂದರು ಮೀರಾಬಿ. "ನಿಮ್ಮ ಗೊರಕೆ ಕೇಳಿದ ಮೇಲೆಯೇ ನನಗೆ ಬಾಯಿ ಬಂದದ್ದು."

ಮಸ್ತಾನ್ ವಲಿ ಹೆಂಡತಿಯ ಹಿಟ್ಟಾದ ಕೈಯನ್ನು ಎಲ್ಲರೆದುರೇ ಹಿಡಿದುಕೊಂಡರು. "ನಾನು ಕೇಳಲಿಲ್ಲ. ಇರಲಿ. ಅದು ಬದುಕಿದೆ ಅಲ್ವಾ?"

"ಕಾಗದ ಕೊಡಬೇಕಾ?" ಎಂದರು ಮೀರಾಬಿ.

ಹಿಂತಿರುಗುವ ರೈಲಿನಲ್ಲಿ ತಾಯಿ ಮಗಳು ಎದುರುಬದುರು ಕೂತು ಕುಸುಕುಸು ನಗುತ್ತಿದ್ದರು. ಶೇಷಗಿರಿಗೆ ತಡೆಯಲಾಗಲಿಲ್ಲ. "ಏನಿತ್ತು ವೇದಾ ಅದರೊಳಗ? ಒಂದ ಸಾಲು ಹೇಳು."

"ಅದು ಗಂಡಸರಿಗಲ್ಲ. ಸುಮ್ಮನ ಮಲಗ್ರಿ."

"ಶ್ರಾವ್ಯಾ, ನೀ ಹೇಳು."

"ಚೆಪ್ಪನು ನಾನ್ನಾ, ಹೇಳೋದಿಲ್ಲ," ಎಂದಳು ಮಗಳು. ಕನ್ನಡ, ತೆಲುಗು ಬಿಟ್ಟರೆ ಬೇರೆ ಮಾತು ತಿಳಿಯದ ಹುಡುಗಿ ಹನ್ನೊಂದು ಚರಣಗಳನ್ನು ತಾಯಿಯ ಪಕ್ಕದಲ್ಲಿ ಕೂತು, ಅರ್ಥ ಕೇಳಿಕೊಂಡು ಬಾಯಿಪಾಠ ಮಾಡಿಕೊಂಡಿದ್ದಳು.

ಒಂದು ತಿಂಗಳು ಶೇಷಗಿರಿ ಗೋಗರೆದ, ಮುನಿಸಿಕೊಂಡ, ಸೀರೆ ಕೊಡಿಸಿದ. ಸೀರೆ ಸ್ವೀಕಾರವಾಯಿತು, ಹಾಡು ಬರಲಿಲ್ಲ. ಅವನಿಗೆ ಬುದ್ಧಿ ಹೊಳೆದದ್ದು ಯುಗಾದಿಯ ಹಿಂದಿನ ಭಾನುವಾರ. ಊಟವಾಗಿತ್ತು. ಕೋಟೇಶ್ವರಮ್ಮನ ಮನೆಯಿಂದ ಎತ್ತಿ ತಂದ ಹಳೆಯ ಬೀಸುಕಲ್ಲಿನಲ್ಲಿ ವೇದವತಿ ಕಡಲೆಬೇಳೆ ಬೀಸಲು ಕೂತಿದ್ದಳು. ಶೇಷಗಿರಿ ಅಡುಗೆಮನೆಯ ಬಾಗಿಲಿಗೆ ತಲೆಯಿಟ್ಟು ಅಡ್ಡಾದ. ಬಾಯೊಳಗೆ ಯಾರಿಗೂ ತಿಳಿಯದಂತೆ ಒಂದು ಹಸಿ ಗುಂಟೂರು ಮೆಣಸಿನಕಾಯಿ. ಅವಳ ಹಾಡಿನಲ್ಲಿ ಗುಬ್ಬಿ ಮಲಗಿದಾಗ ಒಮ್ಮೆ ಕಚ್ಚಿದ. ರಾಜ ಮಲಗಿದಾಗ ಇನ್ನೊಮ್ಮೆ. ಫೌಜು ಮಲಗಿದೊಡನೆ ಮೆಣಸಿನಕಾಯಿಯನ್ನು ಬೀಜಸಮೇತ ಜಗಿದು, ಕಣ್ಣು ಮುಚ್ಚಿ, ದೊಡ್ಡದಾಗಿ ಗೊರಕೆ ಹೊಡೆದ.

ಕಲ್ಲು ಒಂದು ಕ್ಷಣ ನಿಂತಿತು. ವೇದವತಿ ಬಗ್ಗಿ ನೋಡಿದ್ದು ಅವಳ ಉಸಿರಿನಿಂದ ತಿಳಿಯಿತು. ಆಮೇಲೆ ಮೆಲ್ಲಗೆ, ರಾಗ ಬೇರೆಯಾಗಿ ಬಂತು:

"ಸೋಗಯಾ ಮೇರಾ ಬೇಟಾ, ಅಬ್ ಮೈ ರೋತ್ಯೂಂ..."

ಮಲಗಿದ ನನ್ನ ಮಗ, ಇನ್ನು ನಾನು ಅಳುತ್ತೇನೆ.

ಶೇಷಗಿರಿಗೆ ಚಿಕ್ಕಂದಿನ ಮಧ್ಯಾಹ್ನಗಳ ಒದ್ದೆ ಹಣೆ ನೆನಪಾಯಿತು. ಹಣೆಯ ಮೇಲಿನ ಆ ಹನಿಗಳು ಬೆವರಲ್ಲ. ಖಾಲಾ ದಿನಾ ಅವನು ಮಲಗುವುದನ್ನೇ ಕಾಯುತ್ತಿದ್ದಳು. ಅವನ ಕಣ್ಣು ತುಂಬಿ ಕಿವಿಯ ಕಡೆಗೆ ಹರಿಯಿತು. ಮೆಣಸಿನಕಾಯಿಯೇ ಕಾರಣ ಎಂದುಕೊಳ್ಳಲು ಅವಕಾಶವಿತ್ತು, ಅವನು ಹಾಗೆಂದುಕೊಳ್ಳಲಿಲ್ಲ. ಎದ್ದು ಯಾರದಾದರೂ ಕಾಲಿಗೆ ಬೀಳಬೇಕೆನ್ನಿಸಿತು. ಎದ್ದರೆ ಹಾಡು ನಿಲ್ಲುತ್ತದೆ.

ಹಾಡು ಮುಂದುವರಿಯಿತು. ಅಳು ಮುಗಿದು ಅತ್ತೆಯ ಸರದಿ ಬಂತು, ನಾದಿನಿಯ ಸರದಿ ಬಂತು. ಆಮೇಲೆ ಗಂಡನ ಚರಣ. ಅಲ್ಲಿ ಪ್ರತಿಯೊಬ್ಬಳೂ ತನ್ನ ಗಂಡನ ಹೆಸರನ್ನೇ ಹಾಕಿಕೊಳ್ಳಬೇಕಂತೆ. ವೇದವತಿ ಗಂಟಲು ಸರಿಮಾಡಿಕೊಂಡು, ಹದಿನೆಂಟು ವರ್ಷ ಕೂಡಿಟ್ಟದ್ದನ್ನೆಲ್ಲ ಕಲ್ಲಿನ ಬಾಯಿಗೆ ಸುರಿದು, ಶೇಷಗಿರಿ ಎಂಬ ಹೆಸರು ಹಾಕಿ, ಸಪ್ತಪದಿಯ ನಾಲ್ಕನೇ ಹೆಜ್ಜೆಯಿಂದ ಶುರುಮಾಡಿದಳು.

ಸುಳ್ಳು, ಶುದ್ಧ ಸುಳ್ಳು ಎಂದು ಕೂಗಲು ಅವನ ನಾಲಿಗೆ ತುದಿಗಾಲಲ್ಲಿ ನಿಂತಿತ್ತು. ಆದರೆ ಹುಟ್ಟಿದಾರಭ್ಯ ಮೊದಲ ಬಾರಿಗೆ ಪೂರ್ತಿ ಎಚ್ಚರವಿದ್ದ ಶೇಷಗಿರಿ, ಹಾಡು ಮುಗಿಯುವವರೆಗೂ ಬಿಡದೆ ಗೊರಕೆ ಹೊಡೆಯುತ್ತಲೇ ಇದ್ದ.